ಬಾಡಿಗೆ ನಗು

ಒಂದು ಕಾಡಿನಲ್ಲಿ ಬೇಸಿಗೆ ಬಂತೆಂದರೆ ನೀರು ಉಳಿಯುತ್ತಿದ್ದುದು ಒಂದೇ ಹೊಂಡದಲ್ಲಿ. ಮೊದಲು ಕುಡಿದವರಿಗೆ ತಿಳಿನೀರು. ಕೊನೆಗೆ ಬಂದವರಿಗೆ ಹಂದಿಗಳು ಹೊರಳಾಡಿ ಬಿಟ್ಟ ಕೆಸರು. ಇದಕ್ಕಾಗಿ ದಿನಾ ಕೊಂಬು ಮುರಿಯುವ ಜಗಳ. ಕಡೆಗೆ ಕಾಡೆಮ್ಮೆ ಅಜ್ಜಿ ಕಟ್ಟಳೆ ಮಾಡಿದಳು.

"ದಿನಾ ಸಂಜೆ ಜೋಕು ಹೇಳಿ. ಎಲ್ಲರನ್ನೂ ನಗಿಸಿದವರಿಗೆ ಮೊದಲ ಪಾಳಿ. ಯಾರ ಜೋಕಿಗೆ ಒಬ್ಬರೂ ನಗಲ್ವೋ ಅವರು ಹಂದಿಗಳ ಹಿಂದೆ."

ಎಲ್ಲರೂ ಶುರುಹಚ್ಚಿಕೊಂಡರು. ಕೋತಿ ಆನೆಯ ಸೀನನ್ನು ಅಣಕಿಸಲು ಹೋಗಿ ಕೊಂಬೆಯಿಂದಲೇ ಬಿತ್ತು. ಮುಂಗುಸಿ ಹೆಂಡತಿಯ ಬೈಗುಳವನ್ನು ರಾಗವಾಗಿ ಹಾಡಿತು. ಆಮೆ ಸೋಮವಾರ ಶುರು ಮಾಡಿದ ಜೋಕು ಗುರುವಾರವಾದರೂ ಮುಗಿಯಲಿಲ್ಲ.

ನರಿ ಕೆಂಚಪ್ಪನಿಗೆ ಮಾತ್ರ ಇನ್ನೊಬ್ಬರ ಮೈಕಟ್ಟು ಆಡಿಕೊಳ್ಳುವುದು ಬಿಟ್ಟರೆ ಬೇರೆ ಜೋಕು ಗೊತ್ತಿರಲಿಲ್ಲ.

"ಏನ್ ಮುಳ್ಳಕ್ಕಾ, ಬಾಚಣಿಗೆ ತರೋಕೆ ಹೋಗಿ ನೀನೇ ಬಾಚಣಿಗೆ ಆಗಿ ಬಂದ್ಯಾ?" ಎಂದು ಮುಳ್ಳುಹಂದಿಯನ್ನು ಕೆಣಕಿದ. ಯಾರೂ ನಗಲಿಲ್ಲ. ಮೂರು ದಿನ ಕೆಸರು ಕುಡಿದ. ಹೊಟ್ಟೆಯೊಳಗೆ ಕಪ್ಪೆ ಕೂಗಿದ ಹಾಗಾಯಿತು.

ನಾಲ್ಕನೆಯ ದಿನ ಕೆಂಚಪ್ಪನ ತಲೆ ಓಡಿತು. ನೆಟ್ಟಗೆ ಕತ್ತೆಕಿರುಬ ಬೊಮ್ಮನ ಗವಿಗೆ ಹೋದ. ಬೊಮ್ಮ ನಕ್ಕರೆ ಬಂಡೆಗೂ ಕಚಗುಳಿ ಇಟ್ಟ ಹಾಗೆ.

"ಬೊಮ್ಮಣ್ಣಾ, ನಾನು ಏನಂದ್ರೂ ನೀನು ನಗ್ಬೇಕು. ನನ್ನ ಬೆನ್ನ ಹಿಂದೇನೇ ನಿನಗೂ ನೀರು."

"ಅರ್ಥ ಆಗದಿದ್ರೂ ನಗ್ಬೇಕಾ?"

"ಅರ್ಥ ಆದ್ರೆ ನಗು ಬರಲ್ಲ. ಸುಮ್ನೆ ನಗು ಮಾರಾಯ."

ಆ ಸಂಜೆ ಕೆಂಚಪ್ಪ ಮೊಲದ ಕಿವಿ ಆಡಿಕೊಂಡ. ಬೊಮ್ಮ ಹೊಟ್ಟೆ ಹಿಡಿದು ನಕ್ಕ. ಅವನ ನಗು ನೋಡಿ ಮಿಕ್ಕವರಿಗೂ ನಗು ಬಂತು. ಮರುದಿನ ಕಾಗೆಯ ಬಣ್ಣ, ಅದರ ಮರುದಿನ ಗೂಬೆಯ ಕಣ್ಣು. ಕೆಂಚಪ್ಪ ದಿನಾ ತಿಳಿನೀರು ಕುಡಿದು, ಮೀಸೆ ತಿರುವಿಕೊಂಡು ಓಡಾಡಿದ.

ಒಂದು ದಿನ ಆಡಿಕೊಳ್ಳಲು ಯಾರೂ ಉಳಿಯಲಿಲ್ಲ. ಕೆಂಚಪ್ಪ ಸುತ್ತ ನೋಡಿದ. ಪಕ್ಕದಲ್ಲೇ ಬೊಮ್ಮ ಕಂಡ.

"ನಮ್ಮ ಬೊಮ್ಮಣ್ಣನ್ನ ನೋಡ್ರಪ್ಪಾ! ಮುಂಗಾಲು ಇವನದು, ಹಿಂಗಾಲು ತಮ್ಮನ ಹತ್ರ ಎರವಲು ತಂದದ್ದು!"

ಬೊಮ್ಮ ನಗುವುದು ಬಿಟ್ಟು ತನ್ನ ಗಿಡ್ಡ ಹಿಂಗಾಲುಗಳನ್ನೇ ತಿರುಗಿ ನೋಡಿಕೊಂಡ.

"ನಗೋ!" ಕೆಂಚಪ್ಪ ಹಲ್ಲು ಕಚ್ಚಿ ಪಿಸುಗುಟ್ಟಿದ.

ಬೊಮ್ಮನಿಗೆ ಪಿಸುಮಾತು ಬರುತ್ತಿರಲಿಲ್ಲ. "ಹೆಂಗೋ ನಗ್ಲಿ? ನೀರು ಕೊಡಿಸ್ತೀನಿ ಅಂದೆ ಅಂತ ಎಲ್ಲರ ಮೇಲೂ ನಕ್ಕೆ. ನನ್ನ ಕಾಲಿಗೂ ನಾನೇ ನಗ್ಬೇಕಾದ್ರೆ ಎರಡು ಪಾಳಿ ನೀರು ಕೊಡಿಸು!" ಎಂದು ಗಟ್ಟಿಯಾಗಿ ಕೂಗಿದ.

ಮುಳ್ಳಕ್ಕ ಖಿಕ್ ಎಂದಳು. ಮೊಲ ಮಗುಚಿ ಬಿತ್ತು. ಇಡೀ ಕಾಡೇ ಬಿದ್ದು ಬಿದ್ದು ನಕ್ಕಿತು.

"ಇವತ್ತು ನಗಿಸಿದ್ದು ಬೊಮ್ಮ. ಮೊದಲ ಪಾಳಿ ಅವನದು," ಎಂದಳು ಅಜ್ಜಿ ಕಣ್ಣೊರೆಸಿಕೊಳ್ಳುತ್ತ.

"ನಂದು, ಅಜ್ಜೀ?"

"ನಿನ್ನ ಜೋಕಿಗೆ ಯಾರಪ್ಪಾ ನಕ್ಕರು? ಹೋಗು, ಹಂದಿಗಳ ಹಿಂದೆ ನಿಂತ್ಕೋ."

ಅವತ್ತು ಹಂದಿಗಳು ಬೇಕೆಂದೇ ನಿಧಾನವಾಗಿ ಹೊರಳಾಡಿದವು. ಕೆಂಚಪ್ಪ ಕಣ್ಣು ಮುಚ್ಚಿ ಕುಡಿದು ತಲೆ ಎತ್ತಿದಾಗ ಮೂಗಿನಿಂದ ಕಿವಿಯವರೆಗೆ ಕೆಸರು. ಬೊಮ್ಮ ಉರುಳಾಡಿ ನಗತೊಡಗಿದ.

"ಯಾರೋ ನಿಂಗೆ ನಗು ಅಂದಿದ್ದು?" ಕೆಂಚಪ್ಪ ಗುರುಗುಟ್ಟಿದ.

"ಯಾರೂ ಅನ್ಲಿಲ್ಲ ಕೆಂಚಪ್ಪಾ. ಇದು ತಾನಾಗೇ ಬಂತು!"

ನೀತಿ: ಇನ್ನೊಬ್ಬರ ರೂಪವನ್ನು ಆಡಿಕೊಂಡು ಗಿಟ್ಟಿಸಿದ ನಗು ಹೆಚ್ಚು ದಿನ ನಿಲ್ಲುವುದಿಲ್ಲ.