ಬೀಗರು ಬರುವ ಪಡಸಾಲೆಗೊಂದು ಹಾಸು

ಹೂಂಗುಟ್ಟುವವರು ಮುಂದೆ ಬಂದು ಕೂಡ್ರಿ, ನಿದ್ದೆ ಬಂದವರು ಗೋಡೆಗೆ ಒರಗ್ರಿ. ಒಂದೂರಲ್ಲಿ ಹೊನ್ನವ್ವ ಅಂತ ಒಬ್ಬಳಿದ್ದಳು. ಅವಳಿಗೊಬ್ಬ ಮಗ, ಚಂಬಣ್ಣ. ಮೈ ಎತ್ತಿನಷ್ಟು, ಬುದ್ಧಿ ಅದರ ಬಾಲದಷ್ಟು. ಹೇಳಿದ ಮಾತು ಮೀರುವವನಲ್ಲ. ಹೊನ್ನವ್ವನ ದುಃಖವೇ ಅದು.

ಎಷ್ಟೋ ಊರು ತಿರುಗಿದ ಮೇಲೆ ಅವನಿಗೊಂದು ಹೆಣ್ಣು ಗೊತ್ತಾಗುವಂತಿತ್ತು. ಸೋಮವಾರ ಹೆಣ್ಣಿನ ಕಡೆಯವರು ಮನೆ ನೋಡಲು ಬರುವವರು. ಬಾಗಿಲು ದಾಟಿದರೆ ಪಡಸಾಲೆ, ಪಡಸಾಲೆ ತುಂಬ ನುಣ್ಣನೆ ಕಲ್ಲು. ಹೋದ ಸಲ ಹೀಗೇ ಬಂದಿದ್ದ ಹಿರಿಯರೊಬ್ಬರು ಅಲ್ಲಿ ಜಾರಿ ಬಿದ್ದು, ಎದ್ದವರೇ ಊರ ದಾರಿ ಹಿಡಿದಿದ್ದರು. ಈ ಸಲವೂ ಯಾರಾದರೂ ಬಿದ್ದರೆ ಮದುವೆಯ ಆಸೆ ಮುಗಿದಂತೆಯೇ.

"ಚಂಬ್ಯಾ, ಸಂತಿಗೆ ಹೋಗಿ ಪಡಸಾಲಿಗೊಂದು ಚಾಪಿ ತಾ. ನಾಕು ಮಂದಿ ತುಳಿದರೂ ತಡಿಬೇಕು, ನೋಡಿ ತಾ."

ಚಂಬಣ್ಣ ಚಾಪೆ ಕೊಂಡ. ಕೊಂಡವನೇ ಸಂತೆಯ ಬಾಯಿಗೆ ಹಾಸಿ ಪಕ್ಕಕ್ಕೆ ಕೂತ. ನಾಲ್ಕು ಮಂದಿ ತುಳಿದರು, ನಲವತ್ತು ಮಂದಿ ತುಳಿದರು, ಎಮ್ಮೆಯ ಹಿಂಡು ತುಳಿಯಿತು. ಉಳಿದ ನಾರು ಹಿಡಿದು ಮನೆಗೆ ಬಂದ.

"ತಡಿಲಿಲ್ಲವ್ವಾ. ಎಮ್ಮಿ ಬರೂತನಕ ಗಟ್ಟಿ ಇತ್ತು."

"ಹೊಸಾ ಹಾಸು ಯಾರರ ತುಳಿಸ್ತಾರೇನೋ ಪೆದ್ದಾ? ಸುರುಳಿ ಸುತ್ತಬೇಕು, ಹಗ್ಗ ಬಿಗೀಬೇಕು, ಹೆಗಲ ಮ್ಯಾಲ ಹೊತ್ತು ತರಬೇಕು."

"ಹಂಗ ಆಗಲಿ."

ಹೊನ್ನವ್ವನ ಅಣ್ಣ ಮನೆ ಕಟ್ಟಿಸಿದ್ದ. ಅವನಲ್ಲಿ ಒರಟು ಟೈಲ್ಸ್ ಉಳಿದಿದ್ದವು, ಕಾಲು ಜಾರದಂಥವು. ಮರುದಿನ ಅವನ್ನು ತರಲು ಚಂಬಣ್ಣ ಹೋದ. ಸುರುಳಿ ಸುತ್ತಲು ನೋಡಿದ, ಮಣಿಯಲಿಲ್ಲ. ಮೊಣಕಾಲಿಗೆ ಕೊಟ್ಟು ಒತ್ತಿದ, ಮಣಿಯಲಿಲ್ಲ. ಗುಂಡುಕಲ್ಲಿನಿಂದ ಬಡಿದ, ಆಗ ಮಾತು ಕೇಳಿದವು. ಚೂರನ್ನೆಲ್ಲ ಧೋತರದಲ್ಲಿ ಸುತ್ತಿ, ಹಗ್ಗ ಬಿಗಿದು, ಹೆಗಲ ಮೇಲೆ ಹೊತ್ತು ತಂದ.

ಹೊನ್ನವ್ವ ಗಂಟು ಬಿಚ್ಚಿ ಒಂದೊಂದೇ ಚೂರು ಎತ್ತಿ ನೋಡಿದಳು.

"ಒಡಿಯೂ ಸಾಮಾನು ಹಿಂಗ ತರತಾರೇನೋ? ಎರಡೂ ಕೈಲೆ ಎತ್ತಬೇಕು, ಮೆತ್ತಗ ಹುಲ್ಲಾಗ ಇಡಬೇಕು, ಸುತ್ತಲೂ ಹುಲ್ಲು ತುರುಕಬೇಕು, ಅಲಗಾಡಗೊಡಬಾರದು. ಹಾಸೂ ಮುಂದ ನೀರಾಗ ನೆನಸಬೇಕು. ತಿಳೀತೇನು?"

"ತಿಳೀತು. ಮೊದಲ ಹೇಳಿದ್ದರ ಹಂಗ ಮಾಡತಿದ್ದೆ."

ಸೋಮವಾರ ಬೆಳಗಾಯಿತು. ಹೊನ್ನವ್ವ ನೆರೆಮನೆಯ ಸಾವಂತ್ರವ್ವನಿಗೆ ಕೈಮುಗಿದು ಕೆಂಪು ಜಮಖಾನೆ ಇಸಕೊಂಡು ಬಂದಳು.

"ಇದನ್ನ ಪಡಸಾಲ್ಯಾಗ ಹಾಸು. ನಾ ಹೋಳಗಿ ಬೇಯಸ್ತೀನಿ."

ಹಾಸುವ ಮುಂಚೆ ನೆನೆಸಬೇಕಲ್ಲ? ಚಂಬಣ್ಣ ಅದನ್ನು ದನ ನೀರು ಕುಡಿಯುವ ಬಾನಿಯಲ್ಲಿ ಅದ್ದಿದ, ಮೇಲೆ ನಿಂತು ಮುಳುಗಿಸಿದ, ಆಮೇಲೆ ಹಾಸಿದ. ಪಡಸಾಲೆ ತುಂಬ ಕೆಂಪು ನೀರು, ಹೊಸ್ತಿಲು ದಾಟಿ ಬೀದಿಗಿಳಿಯಿತು. ಅದೇ ಬೀದಿಯ ತುದಿಯಲ್ಲಿ ಬೀಗರು ಕಂಡರು: ಹೆಣ್ಣಿನ ಅಪ್ಪ ಕಲ್ಲನಗೌಡರು, ಜೊತೆಗೆ ಹೆಣ್ಣಿನ ಸೋದರತ್ತೆ.

ಹೊನ್ನವ್ವ ಹಣೆ ಬಡಿದುಕೊಂಡು ಮಗನ ಕಿವಿ ಹಿಡಿದಳು.

"ಇದರ ಮ್ಯಾಲ ಅವರ ಕಾಲು ಬಿದ್ದರ ಮುಗೀತು ನಿನ್ನ ಮದುವಿ. ಹಿತ್ತಲ ಕಡಿಂದ ಕರಕೊಂಡ ಬಾ. ಬೀಗರು ಅಂದರ ಗಾಜಿನ ಸಾಮಾನಿದ್ದಂಗ, ಜ್ವಾಕಿ."

"ಗಾಜಿನ ಸಾಮಾನು. ತಿಳೀತು."

ಹೊನ್ನವ್ವ ಒಳಗೆ ಹೋಗಿ ಹೋಳಿಗೆ ಬಡಿಸಿದಳು, ತುಪ್ಪ ಹಾಕಿದಳು, ಕಾದಳು. ತುಪ್ಪ ಗಟ್ಟಿಯಾಯಿತು, ಬೀಗರು ಬರಲಿಲ್ಲ. ಹಿತ್ತಲಿಗೆ ಓಡಿದಳು.

ಬಣವೆಯ ಮಗ್ಗುಲಲ್ಲಿ ಗೌಡರ ರುಮಾಲು ಕಂಡಿತು, ರುಮಾಲಿನ ಕೆಳಗೆ ಮೀಸೆ ಕಂಡಿತು, ಮಿಕ್ಕಿದ್ದೆಲ್ಲ ಹುಲ್ಲು.

"ಹೆಣ್ಣು ಕೊಡೋ ಮಾತು ಹಿಂದಾಗಡೆ ನೋಡೂಣು ತಂಗಿ," ಅಂದರು ಗೌಡರು, "ಮೊದಲ ನನಗ ಒಂದು ಕೈ ಕೊಡು."

"ಮಾತಾಡಬ್ಯಾಡ್ರಿ ಮಾವಾರ, ಅಲಗಾಡತೀರಿ," ಅಂದ ಚಂಬಣ್ಣ, ಅವರ ಕಂಕುಳಿಗೆ ಇನ್ನೊಂದು ಹಿಡಿ ತುರುಕುತ್ತ. "ನೋಡವ್ವಾ, ಒಂದು ಬಿರುಕಿಲ್ಲ. ಇನ್ನ ಅತ್ತಿಯವರನ್ನ ಎತ್ತಬೇಕು. ಎಲ್ಲಿ ಹೋದರು?"

ಅತ್ತೆಯವರು ಚಪ್ಪಲಿ ಕೈಯಲ್ಲಿ ಹಿಡಿದು ಆಗಲೇ ಊರ ಅಗಸಿ ಬಾಗಿಲು ದಾಟುತ್ತಿದ್ದರು. ಚಂಬಣ್ಣ ಒಂದು ಹೊರೆ ಹುಲ್ಲು ತಬ್ಬಿಕೊಂಡು ಅವರ ಹಿಂದೆ ಓಡಿದ.