ನೀಲವ್ವನ ನಲವತ್ತು ಹಾಡು

ಹೊಳೆಯ ದಂಡೆಯ ಆಶ್ರಮದಲ್ಲಿ ಕಲ್ಲಿನಾಥನೆಂಬ ಶಿಷ್ಯನಿದ್ದ. ಆಶ್ರಮಕ್ಕಿದ್ದ ಒಂದೇ ಮೊಬೈಲು ಅವನ ಕೈಯಲ್ಲಿರುತ್ತಿತ್ತು.

ಅದನ್ನು ತಂದಾಗಲೇ ಅವನು ರೂಟ್ ಮಾಡಿದ್ದ. ತಯಾರಿಸಿದವರು ಹಾಕಿದ್ದ ಬೀಗ ತೆಗೆದು, ಪೂರ್ತಿ ಅಧಿಕಾರ ತಾನೇ ಪಡೆದಿದ್ದ.

ತತ್ವಪದ ಹಾಡುತ್ತಿದ್ದ ನೀಲವ್ವ ತೀರಿಕೊಂಡು ತಿಂಗಳಾಗಿತ್ತು. ಅವಳ ನಲವತ್ತು ಹಾಡುಗಳು ಆ ಮೊಬೈಲಿನಲ್ಲಿದ್ದವು. ಬೇರೆಲ್ಲೂ ಇರಲಿಲ್ಲ. ಅವನ್ನು ಒಯ್ಯಲು ಮಗಳು ಗೌರಕ್ಕ ಆ ದಿನ ಬರುವವಳಿದ್ದಳು.

ಬೆಳಿಗ್ಗೆ ಗುರುಗಳು ಮಿಂದು ಬಂದರು. ಎಲ್ಲರೂ ಅವರನ್ನು ಅಜ್ಜಾರು ಎನ್ನುತ್ತಿದ್ದರು.

"ಏನ್ ನಡಸೀಯೋ?"

"ಗೌರಕ್ಕಗ ಹಾಡು ತುಂಬಿಕೊಡಾಕ ಮೆಮೊರಿ ಕಾರ್ಡ್ ತಂದೀನ್ರಿ. ಫೋನ್ ಅದನ್ನ ತಗೋವಲ್ದು. ಕಾರ್ಡ್ ಅಳಿಸಿ ಹೊಸದು ಮಾಡಾಕ ಬೇರೆ ಟೂಲ್ ಹಾಕಾಕತ್ತೀನ್ರಿ. ರೂಟ್ ಇದ್ದರಷ್ಟ ನಡಿತಾವ್ರಿ."

"ರೂಟ್ ಇಲ್ಲದವರಿಗೆ ಆ ಟೂಲ್ ಯಾಕ ಕೊಡೂದಿಲ್ಲ?"

"ಫೋನಿನ ಬುಡಕ್ಕ ಕೈ ಹಾಕ್ತಾವ್ರಿ."

"ಹಾಡು ಮತ್ತೆಲ್ಲರ ಇಟ್ಟೀಯೇನು?"

"ಕಾರ್ಡ್ ತಯಾರಾದ ಕೂಡ್ಲೇ ಅದರಾಗ ಇಡ್ತೀನ್ರಿ. ಐದು ನಿಮಿಷ."

ಅಜ್ಜಾರು ಮೊಬೈಲನ್ನು ಒಮ್ಮೆ ನೋಡಿ ಒಳಗೆ ಹೋದರು.

ಟೂಲ್‌ಗಳು ಒಂದೊಂದಾಗಿ ಇಳಿದು ಕೂತವು. ಕಲ್ಲಿನಾಥ ಆಜ್ಞೆ ಬರೆಯುವ ಕರಿ ಪರದೆಯ ಮೇಲೆ, ರೂಟ್ ಅಧಿಕಾರ ಕೇಳುವ ಎರಡಕ್ಷರ ಒತ್ತಿದ. ಸಾಲಿನ ಡಾಲರ್ ಗುರುತು ಹೋಗಿ ಹ್ಯಾಷ್ ಗುರುತು ಬಂತು. ಇನ್ನು ಫೋನು ಅವನ ಯಾವ ಮಾತಿಗೂ ಎದುರಾಡುವುದಿಲ್ಲ. ಕಾರ್ಡಿನ ಹೆಸರು ಬರೆದು, ಅಳಿಸು ಎಂದ.

ಕಾರ್ಡ್ ಹಾಗೇ ಇತ್ತು.

ಬರೆದ ಸಾಲನ್ನು ಮತ್ತೆ ಓದಿದ. ಹೆಸರಿನಲ್ಲಿ ಒಂದು ಎಂಬ ಅಂಕಿ ಇರಬೇಕಾದಲ್ಲಿ ಸೊನ್ನೆ ಬರೆದಿದ್ದ. ಅಳಿದದ್ದು ಕಾರ್ಡಲ್ಲ, ಫೋನಿನ ಒಡಲಲ್ಲಿ ಹಾಡುಗಳಿದ್ದ ಭಾಗ.

ಅಷ್ಟರಲ್ಲಿ ಪರದೆ ಆರಿತು. ಮತ್ತೆ ಹೊತ್ತಿಕೊಂಡಾಗ ಅಂಗಡಿಯಿಂದ ಆಗಷ್ಟೇ ತಂದ ಫೋನಿನಂತೆ, ಯಾವ ಭಾಷೆ ಬೇಕು ಎಂದು ಕೇಳಿತು.

"ಅಜ್ಜಾರ..." ಎಂದು ಕೂಗಿದ.

ಅಜ್ಜಾರು ಹೊರಗೆ ಬಂದು ಅವನ ಮುಖ ನೋಡಿದರು.

"ಎಲ್ಲಾ ಹೋತೇನು?"

"ಎಲ್ಲಾ."

ಅಜ್ಜಾರು ಕಂಬ ಹಿಡಿದು ಹಾಗೇ ಕುಸಿದು ಕೂತರು. ಅವರು ಹೀಗೆ ಕೂತದ್ದನ್ನು ಕಲ್ಲಿನಾಥ ಎಂದೂ ಕಂಡಿರಲಿಲ್ಲ. ಅವನಿಗೆ ಇನ್ನಷ್ಟು ದಿಗಿಲಾಯಿತು.

"ನಾನರ ತಡೀಬೇಕಿತ್ತು," ಎಂದರು ಅಜ್ಜಾರು.

"ಗೌರಕ್ಕಗ ಏನ್ ಹೇಳಲಿರಿ? ಫೋನ್ ತಾನ ಕೆಟ್ಟಿತು ಅಂದರ..."

"ತಾನ ಕೆಟ್ಟಿತೇನು?"

"ಇಲ್ರಿ. ನಾ ಅಳಿಸಿದೆ."

"ಅಷ್ಟ ಹೇಳು."

ಬಿಸಿಲೇರುವ ಹೊತ್ತಿಗೆ ಗೌರಕ್ಕ ಬಂದಳು. ಚೀಲದಿಂದ ಹೊಸ ಸ್ಪೀಕರ್ ತೆಗೆದು ತೋರಿಸಿದಳು.

"ಮನ್ಯಾಗ ಎಲ್ಲಾರೂ ಕೂಡಿ ಕೇಳೂಣಂತ ತಂದೀನಿ, ತಮ್ಮಾ."

ಕಲ್ಲಿನಾಥ ಹೇಳಿದ. ಅವಳಿಗೆ ತಿಳಿಯಲಿಲ್ಲ. ಮತ್ತೊಮ್ಮೆ ಹೇಳಿದ.

"ಒಂದರ ಉಳದೈತಿಲ್ಲ? ನಡುವ ಕೆಮ್ಮು ಬಂದು, ಅವ್ವ ನಕ್ಕಿದ್ಲಲ್ಲ, ಅದು?"

ಅವನು ಇಲ್ಲವೆಂದು ತಲೆಯಾಡಿಸಿದ.

ಗೌರಕ್ಕ ಗೋಡೆಗೊರಗಿ ನೆಲಕ್ಕೆ ಕೂತಳು. ಅಳಲಿಲ್ಲ. ಸ್ಪೀಕರ್ ತೊಡೆಯ ಮೇಲಿಟ್ಟುಕೊಂಡು ಹೊಳೆಯ ಕಡೆ ನೋಡುತ್ತ ಉಳಿದಳು.

"ಅಕ್ಕಾರ, ಅದೇನಾತಂದ್ರ, ಆ ಅಂಕಿ..."

ಅಜ್ಜಾರು ಕೈಯೆತ್ತಿ ಅವನನ್ನು ತಡೆದರು.

"ಹಂಗಾರ ನಾ ಏನ್ ಮಾಡ್ಲಿರಿ, ಅಜ್ಜಾರ?"

"ಅಕಿ ಬಾಜೂಕ ಕೂಡ್ರು. ಅಕಿ ಏಳೂತನಕ ಏಳಬ್ಯಾಡ."