ಹಿಪ್ಪುನೇರಳೆ ತೋಟದ ಬಿಳಿ ಮರಿಗಳು

"ಗುರುಗಳೇ, ಹೊಸದಾಗಿ ಬಂದವನು ಎಲ್ಲದಕ್ಕೂ ಎದುರು ಮಾತಾಡುತ್ತಾನೆ. ಹಿಂದೆ ಮಠ ಒಡೆದು ಹೋದವರೂ ಹೀಗೇ ಇದ್ದರು. ಇವನನ್ನು ಈಗಲೇ ಕಳಿಸಿಬಿಡಬಾರದೇ?" ಎಂದು ಶಿಷ್ಯ ಕೇಳಿದ.

ಅವಸರವಿಲ್ಲದಿದ್ದರೆ ಕೂತು ಒಂದು ಕತೆ ಕೇಳು ಎಂದರು ಗುರು. ಶಿಷ್ಯನಿಗೆ ಅವಸರವಿತ್ತು, ಆದರೂ ಕೂತ.

ಒಬ್ಬ ರೈತ ಹೆಂಗಸು ರೇಷ್ಮೆ ಹುಳು ಸಾಕುತ್ತಿದ್ದಳು. ಅವಳ ಹಿಪ್ಪುನೇರಳೆ ತೋಟಕ್ಕೆ ಹಿಟ್ಟು ತಿಗಣೆ ಬಿತ್ತು. ಮೈಗೆ ಬಿಳಿ ಹಿಟ್ಟು ಮೆತ್ತಿಕೊಂಡಂಥ ಕೀಟ ಅದು. ಕುಡಿಗೆ ಅಂಟಿ ರಸ ಹೀರಿದರೆ ಎಲೆಯೆಲ್ಲ ಮುದುಡಿಕೊಳ್ಳುತ್ತದೆ. ಔಷಧಿ ಹೊಡೆಯೋಣವೆಂದರೆ, ಆ ಸೊಪ್ಪು ತಿಂದ ರೇಷ್ಮೆ ಹುಳುವೂ ಸಾಯುತ್ತದೆ. ಎರಡು ಬೆಳೆಗೆ ಸೊಪ್ಪು ಸಾಲದೆ, ಹಸಿದ ಹುಳುಗಳನ್ನು ಅವಳು ಕೈಯಾರೆ ತಿಪ್ಪೆಗೆ ಸುರಿದಿದ್ದಳು. ಮೂರನೆಯದೂ ಹಾಗೇ ಆದರೆ ತೋಟ ಕಿತ್ತು ಹಾಕುವುದೆಂದು ಮನೆಯಲ್ಲಿ ತೀರ್ಮಾನವಾಗಿತ್ತು.

ಯಾರೋ ಹೇಳಿದರೆಂದು ಅವಳು ತಿಗಣೆ ತಿನ್ನುವ ಗುಲಗಂಜಿ ಹುಳುಗಳನ್ನು ತಂದು ಗಿಡಗಳಿಗೆ ಬಿಟ್ಟಳು. ದಿನಾ ಹೋಗಿ ನೋಡಿದಳು. ಮೂರು ವಾರ ಕಳೆದ ಮೇಲೆ ಕಂಡದ್ದೇನು? ಕುಡಿಗಳ ಮೇಲೆ ಮೊದಲಿಗಿಂತ ದಪ್ಪನೆಯ ಬಿಳಿ ಹುಳುಗಳು. ಅವಳ ಪಿತ್ತ ನೆತ್ತಿಗೇರಿತು. ತಿಗಣೆ ಇನ್ನಷ್ಟು ಕೊಬ್ಬಿದೆ ಎಂದುಕೊಂಡು, ಸಾಲು ಹಿಡಿದು ಬೆರಳಲ್ಲೇ ಹೊಸಕುತ್ತಾ ಹೋದಳು. ಹಾಗೇ ಎರಡು ಸಾಲು ಮುಗಿಯಿತು.

ಅಲ್ಲೇ ಕಳೆ ಕೀಳುತ್ತಿದ್ದ ಅತ್ತೆ ಬಂದು ಅವಳ ಕೈ ಹಿಡಿದಳು.

"ತಿಗಣೆ ಕೂತ ಕಡೆ ಕೂತಿರ್ತೈತೆ ಕಣೇ. ಇದು ನೋಡು, ಹೆಂಗೆ ಓಡಾಡ್ತೈತೆ. ಬಾಯಲ್ಲಿ ಏನೈತೆ ಅಂತ ನೋಡು."

ಅವಳು ಬಗ್ಗಿ ನೋಡಿದಳು. ದೊಡ್ಡ ಬಿಳಿ ಹುಳು ಚಿಕ್ಕ ಬಿಳಿ ತಿಗಣೆಯನ್ನು ತಿನ್ನುತ್ತಿತ್ತು. ಅದು ಅವಳೇ ಬಿಟ್ಟ ಗುಲಗಂಜಿ ಹುಳುವಿನ ಮರಿ. ಮರಿಯಾಗಿರುವಾಗ ಅದರ ಮೈಮೇಲೂ ತಿಗಣೆಯಂಥದ್ದೇ ಬಿಳಿ ಹೊದಿಕೆ. ಬೆರಳನ್ನು ಸೆರಗಿಗೆ ಒರೆಸಿಕೊಂಡು ತೋಟದಿಂದ ಹೊರಗೆ ಬಂದಳು. ಆಮೇಲೆ ಯಾರನ್ನೂ ಗಿಡ ಮುಟ್ಟಲು ಬಿಡಲಿಲ್ಲ, ಗಂಡನನ್ನೂ.

ಉಳಿದ ಸಾಲುಗಳಲ್ಲಿ ಕುಡಿಗಳು ಬಿಚ್ಚಿಕೊಂಡವು. ಎಲೆ ಅಂಗೈಯಗಲ ಹರಡಿತು. ಆ ಬೆಳೆಯಲ್ಲಿ ಒಂದು ರೇಷ್ಮೆ ಹುಳುವೂ ಉಪವಾಸ ಬೀಳಲಿಲ್ಲ. ಗೂಡು ಕಟ್ಟಿಸುವ ಬಿದಿರಿನ ಚಂದ್ರಿಕೆಗಳು ಮನೆಯಲ್ಲಿದ್ದಷ್ಟು ಸಾಲದೆ ನೆಂಟರ ಮನೆಯಿಂದ ತರಬೇಕಾಯಿತು. ಅವನ್ನು ಹೊರಿಸಿಕೊಂಡು ಬರುವಾಗ ಅವಳು ಬೇಕೆಂದೇ ದೊಡ್ಡ ಬೀದಿ ಹಿಡಿದು ಬಂದಳು. ತೋಟ ಕೀಳುವ ಮಾತನ್ನು ಆ ಮನೆಯಲ್ಲಿ ಮತ್ತೆ ಯಾರೂ ಎತ್ತಲಿಲ್ಲ.

ಶಿಷ್ಯನಿಗೆ ಕತೆ ಹಿಡಿಸಿತು. ಹಾಗಾದರೆ ಹೊಸಬನು ಯಾವ ಹುಳುವೆಂದು ಸ್ವಲ್ಪ ದಿನ ಕಾದು ನೋಡೋಣ ಎಂದು ದೊಡ್ಡ ಮನಸ್ಸು ಮಾಡಿ ಹೇಳಿದ. ಅದಕ್ಕೆ ಗುರು ಆಡಿದ್ದು ಒಂದೇ ಮಾತು.

"ನೀನು ಬಂದ ವರ್ಷ ನಿನ್ನನ್ನು ಕಳಿಸಿಬಿಡಿ ಎಂದು ಏಳು ಮಂದಿ ನನ್ನ ಬಳಿ ಬಂದಿದ್ದರು."